ಬೇವಿನ ಕೊಂಬೆಯೂ ಟಿ.ವಿ. ದೇವಿಯೂ

ಆಫೀಸಿನಲ್ಲಿ ನನ್ನಷ್ಟು ಧೈರ್ಯವಂತ ಇನ್ನೊಬ್ಬನಿಲ್ಲ. ರಾಹುಕಾಲ ನೋಡಿ ಅರ್ಜಿ ಕೊಡಲು ಬರುವವರನ್ನು ಕೂರಿಸಿಕೊಂಡು ಬುದ್ಧಿ ಹೇಳುವವನು ನಾನು. ಆದರೆ ಶ್ರೀನಿವಾಸಪುರದ ನಮ್ಮ ಮನೆಯಲ್ಲಿ ಸಂಜೆ ಏಳೂವರೆಗೆ ಟಿ.ವಿ. ಹಾಕಿದರೆ ಆ ಧೈರ್ಯವಂತ ಎಲ್ಲಿ ಹೋಗುತ್ತಾನೋ ನನಗೇ ಗೊತ್ತಿಲ್ಲ. ಆಗ ಬರುವುದು ಕಾಡುದೇವಿಯ ಧಾರಾವಾಹಿ. ಅದರಲ್ಲಿ ದೇವರ ಮರಕ್ಕೆ ಕೈಹಾಕಿದವನು ಕೂಲಿಂಗ್ ಗ್ಲಾಸ್ ಹಾಕಿಕೊಂಡ ಕಂಟ್ರಾಕ್ಟರೇ ಆಗಿರುತ್ತಾನೆ. ಕೊಡಲಿ ಎತ್ತಿದ ಕೂಡಲೇ ಗಾಳಿ ಬೀಸುತ್ತದೆ, ಗೆಜ್ಜೆ ಸದ್ದಾಗುತ್ತದೆ, ಜಾಹೀರಾತು ಮುಗಿಯುವಷ್ಟರಲ್ಲಿ ಅವನು ರಕ್ತ ಕಾರುತ್ತಾನೆ. ಸಿನಿಮಾಗಳಲ್ಲೂ ಅಷ್ಟೇ. ಮರ, ಬೆಟ್ಟ, ಹುತ್ತ ಪೂಜಿಸುವವರೆಂದರೆ ಮುಖಕ್ಕೆ ಮಸಿ ಬಳಿದುಕೊಂಡು, ಕೊರಳಿಗೆ ಮೂಳೆ ಕಟ್ಟಿಕೊಂಡು ಬೆಂಕಿಯ ಸುತ್ತ ಕುಣಿಯಲೇಬೇಕು. ನಮ್ಮ ವಂಶದವರು ತಲೆತಲಾಂತರದಿಂದ ಮರವನ್ನೇ ಪೂಜಿಸಿಕೊಂಡು ಬಂದವರು. ಒಬ್ಬರ ಮನೆಯಲ್ಲೂ ಒಂದು ಮೂಳೆಯ ಸರವಿಲ್ಲ. ಇದೆಲ್ಲ ಗೊತ್ತಿದ್ದೂ ನಾನು ಬಾಯಿ ಬಿಟ್ಟುಕೊಂಡು ನೋಡುತ್ತೇನೆ.

ನಾವು ಪೂಜಿಸುವ ಮರ ಇರುವುದು ರಾಯಲ್ಪಾಡಿನ ಹತ್ತಿರ ನಮ್ಮ ಮಾವಿನ ತೋಟದ ಮೂಲೆಯಲ್ಲಿ. ದೊಡ್ಡ ಬೇವಿನ ಮರ, ಬುಡದಲ್ಲಿ ಸಾಲಾಗಿ ಏಳು ಕಲ್ಲು. ಅವರೇ ಅಕ್ಕಯ್ಯಗಾರು, ಏಳು ಜನ ಅಕ್ಕತಂಗಿಯರು. ಮಂಗಳವಾರಕ್ಕೊಮ್ಮೆ ಅವರಿಗೆ ನೀರು ಹಾಕಿ, ಅರಿಶಿನ ಬಳಿದು, ಎರಡು ಮಾತಾಡಿ ಬರುವವಳು ನಮ್ಮ ದೊಡ್ಡಮ್ಮ. ತಾಯಿ ತೀರಿಕೊಂಡ ಮೇಲೆ ನನ್ನನ್ನು ಸಾಕಿದವಳೂ ಅವಳೇ.

ಆ ಮರದ ಒಂದು ಕೊಂಬೆ ಪಂಪ್‌ಸೆಟ್ಟಿನ ವೈರಿನ ಮೇಲೆ ಬಾಗಿ, ಗಾಳಿ ಬಂದಾಗಲೆಲ್ಲ ಉಜ್ಜುತ್ತಿತ್ತು. ದೊಡ್ಡಮ್ಮನನ್ನು ಕೇಳಿದರೆ ಏನನ್ನುತ್ತಾಳೋ ಎಂದು ಹೆದರಿ, ಮರ ಹತ್ತುವ ವೆಂಕಟರಮಣಪ್ಪನಿಗೆ ಶ್ರೀನಿವಾಸಪುರದಿಂದಲೇ ಫೋನ್ ಮಾಡಿದೆ. "ನಾಳಿದ್ದು ಅದೊಂದು ಕೊಂಬೆ ಇಳಿಸಿಬಿಡಪ್ಪ, ಯಾರಿಗೂ ಹೇಳ್ಬೇಡ" ಎಂದೆ. ನಾನು ಹೇಳಿದ ದಿನವೇ ಅವನು ಇಳಿಸಿದ. ಮಾರನೆಯ ಬೆಳಿಗ್ಗೆ ಎದ್ದರೆ ನನ್ನ ಕುತ್ತಿಗೆ ಎಡಕ್ಕೆ ತಿರುಗಿ ನಿಂತುಬಿಟ್ಟಿತ್ತು.

ಹಿಂದಿನ ವಾರವಷ್ಟೇ ಧಾರಾವಾಹಿಯ ಕಂಟ್ರಾಕ್ಟರನಿಗೆ ಮೊದಲು ಹಿಡಿದದ್ದು ಕುತ್ತಿಗೆ! ಅದಾದ ಮೇಲೆ ಮಾತು ನಿಂತಿತ್ತು, ಆಮೇಲೆ ರಕ್ತ. ಆಫೀಸಿನಲ್ಲಿ ಎದುರು ಕೂತ ರೈತನ ಜೊತೆ ಮಾತಾಡುತ್ತ ಗೋಡೆಯ ಕ್ಯಾಲೆಂಡರ್ ನೋಡುತ್ತಿದ್ದೆ. ಪಾಪ, ಆತ "ಸಾರ್‌ಗೆ ನನ್ ಮೇಲೆ ಕೋಪಾನಾ?" ಎಂದು ಕೇಳಿದ. ಮಧ್ಯೆ ಮಧ್ಯೆ ಕೆಮ್ಮಿ ಮಾತು ಹೊರಡುತ್ತದೆಯೇ ಎಂದು ಪರೀಕ್ಷೆ ಮಾಡಿಕೊಂಡೆ. ಅಕ್ಕಯ್ಯಗಾರು ಮುನಿದರೆ ಕುತ್ತಿಗೆ ಹೋಗುತ್ತದೆ, ಹೋಗಲಿ. ದೊಡ್ಡಮ್ಮ ಮುನಿದು "ಇನ್ ಬರ್ಬೇಡ" ಅಂದುಬಿಟ್ಟರೆ ನನಗೆ ಊರು ಅಂತ ಎಲ್ಲಿರುತ್ತದೆ? ನಿಜವಾಗಿ ನಾನು ಹೆದರಿದ್ದು ಅದಕ್ಕೆ.

"ರೀ, ಹೋಗಿ ತಪ್ಪಾಯ್ತು ಅಂತ ಹೇಳ್ಬಾರ್ದಾ? ನಂಗೆ ನಿಮ್ಮ ಕಿವಿ ನೋಡ್ಕೊಂಡು ಊಟ ಬಡಿಸಿ ಸಾಕಾಯ್ತು" ಎಂದಳು ನನ್ನ ಹೆಂಡತಿ ಶಾಂತಾ. ಭಾನುವಾರ ಹೊರಟೆ. ಬರಿಗೈಲಿ ಹೋಗುವುದುಂಟೇ? ಟಿ.ವಿ.ಯಲ್ಲಿ ತೋರಿಸಿದ ಪ್ರಕಾರವೇ ಒಂದು ಚೀಲ ನಿಂಬೆಹಣ್ಣು, ಎರಡು ಮೊಳ ಕಪ್ಪು ಬಟ್ಟೆ, ಒಂದು ಬೂದುಗುಂಬಳ ತೆಗೆದುಕೊಂಡು ಬಸ್ಸು ಹತ್ತಿದೆ.

ದೊಡ್ಡಮ್ಮ ಜಗುಲಿಯ ಮೇಲೆ ಹುಣಸೆಹಣ್ಣು ಬಿಡಿಸುತ್ತಿದ್ದಳು. "ಏನ್ಲಾ ನಾಗ್ರಾಜ, ಮನೆಗ್ ಬಂದು ಬೀದಿ ಕಡೆ ನೋಡ್ತೀಯ?" ಎಂದಳು. ನಾನು ಚೀಲವನ್ನು ಕೆಳಗಿಟ್ಟು, ಕೊಂಬೆ ಕಡಿಸಿದ್ದು, ಕದ್ದು ಫೋನ್ ಮಾಡಿದ್ದು, ಕುತ್ತಿಗೆ ಹಿಡಿದದ್ದು, ಎಲ್ಲವನ್ನೂ ಬೀದಿಯ ಕಡೆಗೇ ನೋಡುತ್ತ ಒಪ್ಪಿಕೊಂಡೆ. ಕಣ್ಣಲ್ಲಿ ನೀರೂ ಬಂತು, ಸುಳ್ಳೇಕೆ ಹೇಳಲಿ.

ಅವಳು ಸೆರಗು ಬಾಯಿಗೆ ಒತ್ತಿಕೊಂಡು ನಗತೊಡಗಿದಳು. "ಅಯ್ಯೋ ನಿನ್ನ! ಆ ಕೊಂಬೆ ತೆಗ್ಸೋ ಅಂತ ಮೂರು ವರ್ಷದಿಂದ ನಾನೇ ಬಡ್ಕೊಂಡಿದೀನಿ, ನಿನ್ ಕಿವಿಗ್ ಬಿದ್ದಿದ್ರೆ ತಾನೆ? ವೆಂಕಟ್ರಮಣ ಹಿಂದಿನ್ ದಿನಾನೇ ಬಂದು ಹೇಳಿ ಹೋಗಿದಾನೆ."

"ನಿನಗೆ ಹೇಳಿದ್ನಾ? ಹೇಳ್ಬೇಡ ಅಂದಿದ್ದೆ!"

"ನನಗಲ್ಲ ಕಣೋ, ಮರಕ್ಕೆ! ನಾನು ಅಲ್ಲೇ ಹುಲ್ಲು ಕೊಯ್ತಿದ್ದೆ."

ನಮ್ಮ ಕಡೆ ಮರ ಹತ್ತುವವರಲ್ಲಿ ಅದೊಂದು ಪದ್ಧತಿ. ಕೊಂಬೆ ಕಡಿಯುವ ಹಿಂದಿನ ದಿನ ಹೋಗಿ, ಬುಡಕ್ಕೆ ಒಂದು ಚೆಂಬು ಮಜ್ಜಿಗೆ ಹುಯ್ದು, ವಿಷಯ ತಿಳಿಸಿ ಬರಬೇಕು. ಮರ ಮನಸ್ಸು ಗಟ್ಟಿ ಮಾಡಿಕೊಳ್ಳುತ್ತದಂತೆ, ಗೂಡು ಕಟ್ಟಿದ ಹಕ್ಕಿ ಇದ್ದರೆ ಕಣ್ಣಿಗೂ ಬೀಳುತ್ತದೆ. ಅವನು "ರೇಪು ಒಕ ಕೊಮ್ಮ ನರುಕ್ತಾನು, ಕೋಪಂ ಪಡೊದ್ದು ತಲ್ಲೀ" ಎಂದನಂತೆ. ನಾಳೆ ಒಂದು ಕೊಂಬೆ ಕಡಿಯುತ್ತೇನೆ, ಕೋಪ ಮಾಡಿಕೊಳ್ಳಬೇಡ ತಾಯಿ ಎಂದು. ಅಷ್ಟೇ. ಗೆಜ್ಜೆಯಿಲ್ಲ, ಗಾಳಿಯಿಲ್ಲ. ನಾನು ಬಚ್ಚಿಟ್ಟುಕೊಂಡು ಒದ್ದಾಡಿದ್ದ ಸಂಗತಿ ಮರಕ್ಕೂ ದೊಡ್ಡಮ್ಮನಿಗೂ ನನಗಿಂತ ಮೊದಲೇ ಇತ್ಯರ್ಥವಾಗಿತ್ತು. ಎದೆಯ ಮೇಲಿನ ಕಲ್ಲು ಇಳಿದಂತಾಗಿ ಜಗುಲಿಯ ಮೇಲೇ ಕಾಲು ಚಾಚಿ ಮಲಗಿಬಿಟ್ಟೆ.

ಆದರೂ ಮನಸ್ಸು ತಡೆಯದೆ, "ಮತ್ತೆ ಟಿ.ವಿ.ಯಲ್ಲಿ ದೇವಿ ಕುತ್ತಿಗೆ ಹಿಡೀತಾಳಲ್ಲ?" ಎಂದೆ.

"ಆವಮ್ಮ ಬೇರೆ ಕಣಪ್ಪಾ. ಅದೇನ್ ಪುಸ್ತಕದ್ ಮಾತು ಆಡ್ತಾಳೋ ನನಗೊಂದೂ ಅರ್ಥ ಆಗಲ್ಲ. ನಮ್ಮೋರು ತೆಲುಗು ಮಾತಾಡೋರು. ಏಳ್ ಜನಕ್ಕೂ ಕೈ ತುಂಬ ಕೆಲಸ ಐತೆ, ಮಳೆ ನೋಡ್ಬೇಕು, ಮಾವಿನ್ ಹೂವು ನೋಡ್ಬೇಕು. ಅದ್ ಬಿಟ್ಟು ನಿನ್ ಕುತ್ತಿಗೆ ತಿರುವೋಕೆ ಬಸ್ ಹತ್ಕೊಂಡು ಬರ್ತಾರಾ? ಅಷ್ಟ್ ದೊಡ್ ಮನುಷ್ಯನೇನ್ಲಾ ನೀನು?"

ಹಾಗೆ ಅಂದಾಗ, ನಿಜ ಹೇಳಬೇಕೆಂದರೆ, ಸ್ವಲ್ಪ ಬೇಜಾರೂ ಆಯಿತು. ಅವಳು ಬಿಸಿ ಹರಳೆಣ್ಣೆ ಹಚ್ಚಿ ನೀವಿದಳು. "ದಿನಾ ಟಿ.ವಿ. ಎಲ್ಲಿ ಕೂತ್ಕೊಂಡ್ ನೋಡ್ತೀಯ?" ಎಂದು ಕೇಳಿದಳು. ಟಿ.ವಿ. ಎದುರಿನ ಸೋಫಾ ಶಾಂತಳದು. ನಾನು ಬಾಗಿಲ ಪಕ್ಕದ ಕುರ್ಚಿಯಲ್ಲಿ ಎಡಕ್ಕೆ ಕತ್ತು ತಿರುಗಿಸಿಕೊಂಡು ನೋಡುತ್ತೇನೆ. ಹೇಳಿ ಮುಗಿಸುವ ಮೊದಲೇ ನನಗೂ ಅರ್ಥವಾಯಿತು. ನಿಂಬೆಹಣ್ಣನ್ನೆಲ್ಲ ದೊಡ್ಡಮ್ಮ ಉಪ್ಪಿನಕಾಯಿ ಹಾಕಿದಳು, ಕುಂಬಳ ಹುಳಿಯಾಯಿತು, ಕಪ್ಪು ಬಟ್ಟೆ ಪಂಪ್‌ಸೆಟ್ ಒರೆಸಲು ಹೋಯಿತು.

ಈಗ ಕುತ್ತಿಗೆ ನೆಟ್ಟಗಾಗಿದೆ. "ಆ ಕೇಬಲ್ ತೆಗ್ಸಿಬಿಡಿ" ಎಂದು ಶಾಂತಾ ಪಟ್ಟು ಹಿಡಿದಿದ್ದಾಳೆ, ನಾನೂ ಒಪ್ಪಿದ್ದೇನೆ. ಆದರೆ ಎಷ್ಟೋ ವರ್ಷದ ಸಂಬಂಧ, ಏಕಾಏಕಿ ಕತ್ತರಿಸುವುದು ಸರಿಯಲ್ಲ, ಒಂದು ದಿನ ಮುಂಚೆ ಹೇಳಬೇಕಲ್ಲವೇ? ಹಾಗಾಗಿ ಏಳೂವರೆಗೆ ಕಾಡುದೇವಿ ಬಂದ ಕೂಡಲೇ ಕೈಮುಗಿದು, "ನಾಳೆ ತೆಗೆಸುತ್ತೇನೆ ತಾಯಿ, ಕೋಪ ಮಾಡಿಕೊಳ್ಳಬೇಡ" ಎಂದು ಹೇಳಿ ಕುರ್ಚಿಯಲ್ಲಿ ಕೂರುತ್ತೇನೆ. ಹೀಗೆ ಹೇಳಲು ಶುರು ಮಾಡಿ ಇವತ್ತಿಗೆ ಹನ್ನೊಂದು ದಿನವಾಯಿತು.