ಉಡಿದಾರದವರಲ್ಲಿ ಒಂದು ಗಂಟೆಯ ರಜೆ ಕೋರಿ

ನನ್ನ ಸೊಂಟದಲ್ಲಿ ಇಪ್ಪತ್ತು ವರ್ಷಗಳಿಂದ ಬಿಡುವಿಲ್ಲದೆ ಸೇವೆ ಸಲ್ಲಿಸುತ್ತಿರುವ ಮಾನ್ಯ ಉಡಿದಾರದವರ ಸನ್ನಿಧಿಗೆ, ಸ್ಟ್ಯಾನ್ಮೋರಿನ ನಚಿಕೇತ ಮಾಡುವ ಸಾಷ್ಟಾಂಗ ನಮಸ್ಕಾರಗಳು. ಹೊಟ್ಟೆ ಅಡ್ಡ ಬಂದಿದ್ದರಿಂದ ಎಂಟರಲ್ಲಿ ಕೆಲವು ಅಂಗಗಳು ನೆಲ ಮುಟ್ಟಿಲ್ಲ, ಕ್ಷಮಿಸಬೇಕು.

ಮಾನ್ಯರೇ, ಸದಾ ಮರೆಯಲ್ಲೇ ಇರುವ ತಮಗೆ ಬಹಿರಂಗ ಪತ್ರ ಬರೆಯುವುದು ಉದ್ಧಟತನವೆಂದು ಬಲ್ಲೆ. ಆದರೆ ಹೋದ ಭಾನುವಾರ ನಲವತ್ತು ಜನರ ಮುಂದೆ ತಾವೇ ಬಹಿರಂಗವಾಗಿರುವಾಗ ಇನ್ನು ಮುಚ್ಚುಮರೆ ಏತಕ್ಕೆ?

ನಾನು ಯಾವುದನ್ನೂ ಪೂರ್ತಿ ಮಾಡಿದವನಲ್ಲ. ಎ-ಲೆವೆಲ್ ಓದನ್ನು ಅರ್ಧಕ್ಕೆ ಬಿಟ್ಟೆ, ಡ್ರೈವಿಂಗನ್ನು ಒಂದು ರೌಂಡ್‌ಅಬೌಟಿನಲ್ಲಿ ಬಿಟ್ಟೆ, ಜಿಮ್ಮನ್ನು ಅದರ ಬಾಗಿಲಲ್ಲೇ ಬಿಟ್ಟೆ. ಸುಳ್ಳು ಹೇಳುವುದೂ ಬರುವುದಿಲ್ಲ. ಹೇಳಿದ್ದು ಒಂದೇ ಒಂದು. ಹದಿಮೂರನೆಯ ವಯಸ್ಸಿನಿಂದ ಟೀ ಶರ್ಟ್ ತೊಟ್ಟೇ ಈಜುತ್ತ, ಕೇಳಿದವರಿಗೆಲ್ಲ ಕ್ಲೋರಿನ್ ಅಲರ್ಜಿ ಎನ್ನುತ್ತಿದ್ದೆ. ಪಾಪ, ಕ್ಲೋರಿನ್ ನಿರಪರಾಧಿ. ಮುಚ್ಚಿಕೊಳ್ಳಬೇಕಾಗಿದ್ದದ್ದು ನನ್ನ ಹೊಟ್ಟೆಯನ್ನು, ಮತ್ತು ಅದರ ಮೇಲಂತಸ್ತಿನಲ್ಲಿ ಗಂಡಸಿಗೆ ಬೇಕಾದ್ದಕ್ಕಿಂತ ಹೆಚ್ಚಾಗಿರುವ ಎದೆಯನ್ನು. ಒದ್ದೆ ಶರ್ಟು ಇವೆರಡಕ್ಕೂ ಅಂಟಿಕೊಂಡು ಇನ್ನಷ್ಟು ವಿವರವಾಗಿ ತೋರಿಸುತ್ತದೆಂದು ತಿಳಿಯಲು ನನಗೆ ಏಳು ವರ್ಷ ಹಿಡಿಯಿತು.

ಹೀಗಿರುವಾಗ, ಭಾನುವಾರಗಳಂದು ಬಟ್ಟೆಯಿಲ್ಲದೆ ಈಜುವವರ ಸಂಘವೊಂದು ಊರಿನ ಆಚೆ ತುದಿಯಲ್ಲಿದೆ, ಇರುವ ಮೈಯನ್ನು ಇರುವಂತೆ ಒಪ್ಪಿಕೊಳ್ಳುವುದೇ ಅವರ ಧ್ಯೇಯ ಎಂದು ಓದಿದೆ. ಬಟ್ಟೆ ಬಿಚ್ಚುವುದನ್ನಾದರೂ ಅರ್ಧಕ್ಕೆ ಬಿಡಬಾರದೆಂದು ನಿಶ್ಚಯಿಸಿ ಟ್ಯೂಬ್ ರೈಲು ಹತ್ತಿದೆ. ಲಾಕರಿನ ಮುಂದೆ ಕಾಲು ಗಂಟೆ ನಿಂತು, ಕೊನೆಗೆ ಕಾಲುಚೀಲವನ್ನೂ ತೆಗೆದು, ಹೊಟ್ಟೆಯನ್ನು ಉಸಿರಿನೊಡನೆ ಒಳಗೆಳೆದುಕೊಂಡು ಹೊರಬಂದೆ.

ಬಾಗಿಲಲ್ಲಿ ಹೆಸರು ಬರೆದುಕೊಳ್ಳುತ್ತಿದ್ದ ಮಾರ್ಗರೆಟ್ ಎಂಬ ಎಪ್ಪತ್ತು ದಾಟಿದ ಅಜ್ಜಿ, ಕೈಯಲ್ಲೊಂದು ಪೆನ್ನು ಮತ್ತು ಹೊಟ್ಟೆಯ ಮೇಲೊಂದು ಉದ್ದನೆಯ ಹೊಲಿಗೆ ಗುರುತನ್ನುಳಿದು ಬೇರೇನನ್ನೂ ಧರಿಸದೆ, ನನ್ನ ಹೊಟ್ಟೆಯನ್ನು ಲೆಕ್ಕಕ್ಕೇ ಇಡದೆ ನನ್ನ ಸೊಂಟದಲ್ಲಿದ್ದ ತಮ್ಮತ್ತ ಬೊಟ್ಟು ಮಾಡಿ, ಇದು ಡಾಕ್ಟರು ಕಟ್ಟಿದ್ದೇ ಎಂದು ಕೇಳಿದರು. ಹೊಸದನ್ನು ಕಟ್ಟಿದ ಮೇಲೆಯೇ ಹಳೆಯದನ್ನು ಕತ್ತರಿಸುವ ಮನೆಯಲ್ಲಿ ಬೆಳೆದವನು ನಾನು. ಇದ್ದದ್ದನ್ನು ಇದ್ದಂತೆ, "ಅಲ್ಲ, ಇದನ್ನೂ ಬಿಚ್ಚಿದರೆ ಬತ್ತಲಾಗಿಬಿಡ್ತೀನಿ" ಎಂದೆ. ಅವರು ಬಹಳ ಮರ್ಯಾದೆಯಿಂದ, "ಇಲ್ಲಿಗೆ ಬರೋದೇ ಅದಕ್ಕಲ್ಲವಾ, ಮಗು?" ಎಂದರು.

ಮುಂದಿನದು ತಮಗೆ ಗೊತ್ತೇ ಇದೆ. ಏಳು ವರ್ಷ ಬಚ್ಚಿಟ್ಟ ಹೊಟ್ಟೆಯನ್ನು ನಾನು ಲೋಕಕ್ಕೆ ಅರ್ಪಿಸಲು ಹೋದರೆ, ಲೋಕ ತಮ್ಮ ದರ್ಶನಕ್ಕೆ ನೆರೆಯಿತು. ಯಾವ ನೂಲು, ಯಾರು ಕಟ್ಟುತ್ತಾರೆ, ಒದ್ದೆಯಾದರೆ ಕೆರೆಯುವುದಿಲ್ಲವೇ ಎಂದು ಒಬ್ಬೊಬ್ಬರಾಗಿ ಕೇಳಿದರು, ನಾನು ಹತ್ತು ನಿಮಿಷ ಉಪನ್ಯಾಸ ಮಾಡಿದೆ. ಮುಗಿದ ಮೇಲೆ ಕೆಳಗೆ ನೋಡಿಕೊಂಡರೆ ಹೊಟ್ಟೆ ತನ್ನ ಪೂರ್ಣ ಗಾತ್ರದಲ್ಲಿ ಆರಾಮಾಗಿ ಕೂತಿತ್ತು. ಒಳಗೆಳೆದುಕೊಳ್ಳುವುದನ್ನು ನಾನು ಮರೆತೇಬಿಟ್ಟಿದ್ದೆ.

ನನ್ನ ದೂರು ಇದೇ. ಅದು ನನ್ನ ಧೈರ್ಯವೋ ತಮ್ಮ ಕೃಪೆಯೋ ಈಗ ತಿಳಿಯುವುದು ಹೇಗೆ? ಆದ್ದರಿಂದ ಬರುವ ಭಾನುವಾರ ಒಂದೇ ಒಂದು ಗಂಟೆ ತಾವು ಲಾಕರಿನಲ್ಲಿ ವಿಶ್ರಮಿಸಬೇಕು. ಅದು ಸಾಧ್ಯವಿಲ್ಲದಿದ್ದರೆ ನನ್ನ ಮೈಬಣ್ಣಕ್ಕೆ ತಿರುಗಬೇಕು. ಅದೂ ಆಗದಿದ್ದರೆ ಇಂಗ್ಲಿಷ್ ಕಲಿತು ಮಾರ್ಗರೆಟರಿಗೆ ತಾವೇ ಉತ್ತರ ಹೇಳಬೇಕೆಂದು ಪ್ರಾರ್ಥಿಸುತ್ತೇನೆ.

ತಮ್ಮ ವಿಶ್ವಾಸಿ, ತಮ್ಮನ್ನುಳಿದು ಮಿಕ್ಕೆಲ್ಲ ಬಿಚ್ಚಿದ,
ನಚಿಕೇತ

ತಾ.ಕ.: ಊಟದ ಹೊತ್ತಿಗೆ ಮನೆಯಲ್ಲಿ ನಿಜ ಹೇಳಿದೆ, ಕ್ಲೋರಿನ್ನಿನ ವಿಷಯವನ್ನೂ ಸೇರಿಸಿ. ಅಮ್ಮ ಸಾರಿನ ಸೌಟು ಹಿಡಿದು ಕೇಳಿದ್ದು ತಮ್ಮ ವಿಚಾರ ಮಾತ್ರ: "ಉಡಿದಾರ ಇತ್ತು ತಾನೇ? ಸದ್ಯ, ಮಾನ ಉಳೀತು." ಮೂವತ್ತು ವರ್ಷಗಳಿಂದ ಊರವರ ತೂಕ ಇಳಿಸುತ್ತಿರುವ ಡಾಕ್ಟರ್ ಗೋಪೀನಾಥ, ಅಂದರೆ ನಮ್ಮಪ್ಪ, ಸ್ವಂತ ಸೊಂಟದ ಉಡಿದಾರವನ್ನು ಮೆಡಿಕಲ್ ಕಾಲೇಜಿನಲ್ಲೇ ಕಿತ್ತೆಸೆದವರು, ಬೀಚಿನಲ್ಲಿ ಮಾತ್ರ ಇವತ್ತಿಗೂ ಶರ್ಟಿನ ಕೊರಳ ಗುಂಡಿ ಬಿಚ್ಚಿದವರಲ್ಲ. ಅವರು, ಅಮ್ಮ ಅಡುಗೆಮನೆಗೆ ಹೋದ ಮೇಲೆ ಮೆಲ್ಲಗೆ, "ಅಲ್ಲಿ ಕಾರ್ ಪಾರ್ಕಿಂಗ್ ಇದೆಯೇನೋ?" ಎಂದರು.