ಸೌನಾದಿಂದ ಲಿಟಲ್ ಎಲ್ಮ್‌ಗೆ ಬಂದ ಹಾಸ್ಯ

1985ರಲ್ಲಿ ನಾನು ಓದಿಗೆ ಕೈಮುಗಿದೆ. ಎಸ್ಸೆಸ್ಸೆಲ್ಸಿ ಗಣಿತಕ್ಕೂ ನನಗೂ ಹೊಂದಾಣಿಕೆಯಾಗಲಿಲ್ಲ. ತಪ್ಪು ಗಣಿತದ್ದೇ! ಅಡುಗೆ ಕೆಲಸದ ಮೇಲೆ ಟೆಕ್ಸಾಸ್‌ಗೆ ಬಂದೆ. ಈಗ ಇಲ್ಲಿನ ಲಿಟಲ್ ಎಲ್ಮ್ ಊರಿನ ಕನ್ನಡಿಗರಲ್ಲಿ ನನ್ನ ಬಿಸಿಬೇಳೆಬಾತಿಲ್ಲದೆ ಗೃಹಪ್ರವೇಶ ನಡೆಯುವುದಿಲ್ಲ. ಆದರೆ ಎಲ್ಲರಿಗೂ ನಾನು ಬರೀ 'ಕೇಟರಿಂಗ್ ಅಂಕಲ್'. ಒಮ್ಮೆಯಾದರೂ ಹೆಸರು ಹಿಡಿದು ಕರೆಯಲಿ ಎಂಬುದು ನನ್ನ ಆಸೆ.

ಹೆಂಡತಿ ಸರೋಜ ಮಗಳ ಬಾಣಂತನಕ್ಕೆಂದು ನಾಲ್ಕೈದು ಗಂಟೆ ದಾರಿಯ ಪೇರ್ಲ್ಯಾಂಡ್‌ಗೆ ಹೋದವಳು, ಮೊಮ್ಮಗು ಓಡಾಡತೊಡಗಿದರೂ ಮರಳಿರಲಿಲ್ಲ. ಸಂಜೆ ನನಗೆ ಜೊತೆಯೆಂದರೆ ಪಕ್ಕದ ಮನೆಯ ಪೆಕ್ಕಾ. ಫಿನ್ಲೆಂಡಿನ ಹಾಸ್ಯಚಿತ್ರಗಳಿಗೆ ಚಿತ್ರಕಥೆ ಬರೆದೇ ಕೂದಲು ನರೆಸಿಕೊಂಡವನು. ಮೊದಲ ಚಿತ್ರದಲ್ಲಿ ಪುಟಗಟ್ಟಲೆ ಮಾತು ಬರೆದನಂತೆ, ಒಬ್ಬರೂ ನಗಲಿಲ್ಲ. ಆಮೇಲೆ ಮಾತು ಕಡಿಮೆ ಮಾಡುತ್ತ ಬಂದನಂತೆ. ನಗು ಹೆಚ್ಚುತ್ತ ಹೋಯಿತು. ಕೊನೆಯ ಚಿತ್ರದಲ್ಲಿ ಇಬ್ಬರು ಬೀಗರು ಸೌನಾ ಎಂಬ ಬಿಸಿಹಬೆಯ ಕೋಣೆಯಲ್ಲಿ ಸುಮ್ಮನೆ ಕೂತು ಬೆವರುತ್ತಾರೆ, ಅಷ್ಟೇ. ಜನ ಬಿದ್ದು ಬಿದ್ದು ನಕ್ಕರಂತೆ!

ನನಗೆ ಜ್ಞಾನೋದಯವಾಯಿತು. ಊರಿನ ಕನ್ನಡಿಗರ ದೀಪಾವಳಿ ಕಾರ್ಯಕ್ರಮಕ್ಕೆ ಒಂದು ಪ್ರಹಸನ ಬರೆದೆ: ಇಬ್ಬರು ಬೀಗರು, ಎರಡು ಕುರ್ಚಿ, ಮಾತಿಲ್ಲ.

ಸರೋಜ ಫೋನಿನಲ್ಲಿ ಕೇಳಿ, "ರೀ, ನಮ್ ಜನ ಸುಮ್ನೆ ಕೂತೋರನ್ನ ನೋಡಿ ನಗಲ್ಲ, ಹುಷಾರಿಲ್ವಾ ಅಂತ ಕೇಳ್ತಾರೆ" ಎಂದಳು.

"ನೀನು ಬಂದು ನೋಡು."

"ಮಗು ಯಾರು ನೋಡ್ಕೋತಾರೆ?"

ಕಲಾವಿದನಿಗೆ ಮನೆಯಲ್ಲಿ ಮರ್ಯಾದೆ ಎಲ್ಲಿಯದು!

ಪರದೆ ಸರಿಯಿತು. ಪಂಚೆಯುಟ್ಟ ಪೆಕ್ಕಾ, ಪಕ್ಕದಲ್ಲಿ ನಾನು. ಘನಗಂಭೀರ ಮೌನ.

"ಮೈಕ್ ಆನ್ ಮಾಡ್ರಿ!" ಹಿಂದಿನಿಂದ ಕೂಗು.

ಸ್ವಯಂಸೇವಕನೊಬ್ಬ ಓಡಿಬಂದು ನನ್ನ ಮೈಕಿನ ಬ್ಯಾಟರಿ ಬದಲಿಸಿದ. "ಅಂಕಲ್, ಏನಾದ್ರೂ ಮಾತಾಡಿ!" ನಾನು ಪಾತ್ರ ಬಿಡಲಿಲ್ಲ. ಅವನು ಬೆಚ್ಚಿಬಿದ್ದು, "ಅಂಕಲ್‌ಗೆ ಏನೋ ಆಗಿದೆ!" ಎಂದು ಕಿರುಚಿದ.

ನಮ್ಮ ಸಭೆಯಲ್ಲಿ ಡಾಕ್ಟರುಗಳಿಗೆ ಬರವಿಲ್ಲ. ಒಬ್ಬರು ವೇದಿಕೆ ಹತ್ತಿ ನನ್ನ ಕೈ ಎತ್ತಿಸಿ, "ಅಂಕಲ್, ಸ್ವಲ್ಪ ನಗಿ ನೋಡೋಣ" ಎಂದರು. ನಗುವುದು ಹೇಗೆ? ಪಾತ್ರದಲ್ಲಿ ನಗುವಿಲ್ಲ!

"ನಗಕ್ಕೂ ಆಗ್ತಿಲ್ಲ, ಸ್ಟ್ರೋಕ್ ಇರ್ಬಹುದು! ಆಂಬುಲೆನ್ಸ್‌ಗೆ ಕಾಲ್ ಮಾಡಿ! ಇವ್ರ ಹೆಸರೇನು?"

ಜನ ಮುಖ ಮುಖ ನೋಡಿಕೊಂಡರು. ತುಂಬಿದ ಸಭೆ. ಎಲ್ಲರೂ ನನ್ನ ಕೈಯಡುಗೆ ಉಂಡವರು. ಒಬ್ಬರಿಗೂ ಗೊತ್ತಿಲ್ಲ.

"ನಂಜುಂಡ!" ನಾನೇ ಎದ್ದು ಕೂಗಿದೆ.

ಮೈಕಿನಲ್ಲಿ ಹೊಸ ಬ್ಯಾಟರಿ ನೋಡಿ, ಗೋಡೆ ನಡುಗಿತು! ಆಗ ಸಭೆ ನಕ್ಕಿತು. ಹೊಟ್ಟೆ ಹಿಡಿದುಕೊಂಡು ನಕ್ಕಿತು. ನಗುತ್ತಲೇ ಊಟದ ಸಾಲಿಗೆ ಹೋಯಿತು. ಅಲ್ಲಿಂದ ಯಾರೋ ಕರೆದರು: "ಕೇಟರಿಂಗ್ ಅಂಕಲ್, ಮೊಸರನ್ನ ಎಲ್ಲಿ?"

ಪೆಕ್ಕಾ ಮಾತ್ರ ಕುರ್ಚಿಯಲ್ಲಿ ಅಲುಗಾಡದೆ ಕೂತಿದ್ದ. ಮನೆಗೆ ಮರಳುವಾಗ ವ್ಯಾನಿನಲ್ಲಿ ಇಂಗ್ಲಿಷಿನಲ್ಲಿ ಬಾಯಿಬಿಟ್ಟ: "ಚೆನ್ನಾಗಿತ್ತು. ಒಂದು ಮಾತು ಹೆಚ್ಚಾಯಿತು."

ಈಗ ನನಗಿರುವುದು ಒಂದು ವ್ಯಾನು, ಎರಡು ಫ್ರೀಜರು, ಪೇರ್ಲ್ಯಾಂಡ್‌ನಲ್ಲಿ ಒಬ್ಬ ಹೆಂಡತಿ, ಪಕ್ಕದ ಮನೆಯಲ್ಲಿ ಒಬ್ಬ ವಿಮರ್ಶಕ. ಅವನಿಗೆ ಕನ್ನಡ ಬರುವುದಿಲ್ಲ.