ಗುಳ್ಳೆರಾಯರ ಇಪ್ಪತ್ತೆರಡನೇ ಪುಟ

ಗುಳ್ಳೆರಾಯರು ಬಲಗೆನ್ನೆಯ ಗಡ್ಡ ಕೆರೆದು ಮುಗಿಸಿ ಎಡಗೆನ್ನೆಗೆ ಸೋಪು ಹಚ್ಚುತ್ತಿದ್ದಾಗ ಪಕ್ಕದ ಮನೆಯ ನಿವೃತ್ತ ಹೆಡ್‌ಮಾಸ್ಟರು ಬಾಗಿಲು ಬಡಿದರು. ಅವರು ಯಾರ ಮನೆ ಬಾಗಿಲು ಬಡಿದರೂ ಒಳಗಿರುವವರು ಹೋಂವರ್ಕ್ ಮಾಡಿಲ್ಲ ಎಂಬ ಖಾತ್ರಿಯಿಂದಲೇ ಬಡಿಯುತ್ತಿದ್ದರು.

"ಏನ್ರೀ ಇದು?" ಹೆಡ್‌ಮಾಸ್ಟರು ಈ ತಿಂಗಳ 'ಸಿಡಿಲಣ್ಣ' ಚಿತ್ರಕತೆ ಪುಸ್ತಕವನ್ನು ರಾಯರ ಮೂಗಿನ ತನಕ ತಂದರು. "ಇಪ್ಪತ್ತೆರಡನೇ ಪುಟ ನೋಡಿ! ನಾಲ್ಕು ದಿನದಿಂದ ನನಗೆ ನಿದ್ದೆ ಇಲ್ಲ. ಮನೆಯಲ್ಲಿ ಜಗಳ. ಅಭಿಪ್ರಾಯ ಬರೆದು ಪೋಸ್ಟಿಗೆ ಹಾಕಿದ್ದೀನಿ, ಹದಿನಾಲ್ಕು ಪುಟ. ನಾನೊಬ್ಬನೇ ಅಲ್ಲ, ನಮ್ಮ ಕಟ್ಟಡದ ಹದಿನೆಂಟು ಜನರ ಹತ್ತಿರವೂ ಕೂರಿಸಿ ಬರೆಸಿದ್ದೀನಿ. ಆ ಪುಟ ಬರೆದೋನು ಯಾರು ಅಂತ ನನಗೆ ಗೊತ್ತಾಗಬೇಕು, ಅಷ್ಟೆ!"

ರಾಯರ ಕೈಯಲ್ಲಿದ್ದ ಬ್ರಷ್ ಹಾಗೇ ನಿಂತಿತು.

ಅವರ ನಿಜವಾದ ಹೆಸರು ಬೇರೆ ಇತ್ತು. ಆದರೆ ಚಿತ್ರಕತೆಯ ಪಾತ್ರಗಳ ತಲೆ ಮೇಲೆ ತೇಲುವ ಗುಳ್ಳೆಗಳಲ್ಲಿ ಮಾತು ಬರೆಯುವುದೇ ಒಂಬತ್ತು ವರ್ಷದ ಉದ್ಯೋಗವಾದ್ದರಿಂದ ಎಲ್ಲರಿಗೂ ಅವರು ಗುಳ್ಳೆರಾಯರೇ. ಅಕ್ಷರ ಮುತ್ತು ಪೋಣಿಸಿದ ಹಾಗೆ. ಆದರೆ ಒಂದು ವಿಷಯ ಅವರು ಯಾರಿಗೂ ಹೇಳಿರಲಿಲ್ಲ: ಬರೆದದ್ದನ್ನು ಅವರು ಓದುತ್ತಿರಲಿಲ್ಲ. ಅಕ್ಷರ ನೋಡುತ್ತಿದ್ದರು, ಅರ್ಥ ನೋಡುತ್ತಿರಲಿಲ್ಲ. ಮಿಠಾಯಿ ಮಾಡುವವನು ಮಿಠಾಯಿ ತಿನ್ನುತ್ತಾನೆಯೇ ಎಂಬುದು ಅವರ ವಾದ.

ಪುಟ ತೆರೆದರು. ಕಟ್ಟಡಕ್ಕೆ ಬೆಂಕಿ ಬಿದ್ದಿದೆ. ಈ ವರ್ಷ ಶುರುವಾದ ಹೊಸ ಸರಣಿಯಲ್ಲಿ ಸಿಡಿಲಣ್ಣನಿಗೆ ಎದುರಾಳಿಯಾಗಿ ಬಂದವನು ಕರಿಸಿಡಿಲು. ಇನ್ನೊಂದು ಲೋಕದ ಸಿಡಿಲಣ್ಣ ಅವನು. ಅದೇ ಮುಖ, ಅದೇ ಮೈಕಟ್ಟು, ಮನಸ್ಸು ಮಾತ್ರ ಕಾಡಿಗೆಗಪ್ಪು. ಗುರುತು ಹಿಡಿಯಲು ಎದೆಯ ಮೇಲಿನ ಮಿಂಚೊಂದೇ ದಾರಿ: ಒಳ್ಳೆಯವನದು ಬಲಕ್ಕೆ ಬಾಗಿದೆ, ಕೆಟ್ಟವನದು ಎಡಕ್ಕೆ.

ಈ ಪುಟದಲ್ಲಿ ಮಗುವನ್ನು ಎತ್ತಿಕೊಂಡ ಸಿಡಿಲಣ್ಣ, "ಉರಿಯಲಿ! ಈ ಕೃತಘ್ನ ಊರಿಗೆ ಇದೇ ಸರಿ!" ಎಂದು ಅಬ್ಬರಿಸುತ್ತಿದ್ದ. ಕೈಯಲ್ಲಿ ಬೆಂಕಿಪೊಟ್ಟಣ ಹಿಡಿದ ಕರಿಸಿಡಿಲು, "ಮೊದಲು ಮಕ್ಕಳನ್ನು ಇಳಿಸಿ, ನಾನು ಕೊನೆಗೆ ಬರುತ್ತೇನೆ," ಎಂದು ಕಣ್ಣೀರು ಹಾಕುತ್ತಿದ್ದ.

ರಾಯರು ಪುಸ್ತಕವನ್ನು ಕಣ್ಣಿಗೆ ಹತ್ತಿರ ಹಿಡಿದು ಇನ್ನೊಮ್ಮೆ ನೋಡಿದರು. ಗುಳ್ಳೆ ಅದಲುಬದಲು! ಆ ಪುಟ ಬರೆದ ದಿನ ಅವರಿಗೆ ದವಡೆ ಹಲ್ಲಿನ ನೋವು. ಮಾತ್ರೆ ನುಂಗಿ, ಅರೆಗಣ್ಣಲ್ಲಿ ಬರೆದು ಎದ್ದಿದ್ದರು.

"ರೀ, ಇವತ್ತು ಮಾಲೀಕರು ಬರ್ತಾರಲ್ವಾ?" ಒಳಗಿನಿಂದ ಹೆಂಡತಿ ಕೂಗಿದರು. "ಕಾಯಂ ಆದೇಶಕ್ಕೆ ಸಹಿ ಹಾಕಿಸ್ಕೊಂಡೇ ಬನ್ನಿ. ಒಂಬತ್ತು ವರ್ಷ ತಾತ್ಕಾಲಿಕ ಅಂದ್ರೆ ಜನ ನಗ್ತಾರೆ. ನನ್ನ ತಂಗಿ ಗಂಡ ಸೇರಿದ ಮೂರೇ ತಿಂಗಳಿಗೆ ಕಾಯಂ ಆದ."

ರಾಯರು ಎಡಗೆನ್ನೆಯ ಸೋಪು ಒರೆಸಿಕೊಂಡು, ಅರ್ಧ ಗಡ್ಡದಲ್ಲೇ ಓಡಿದರು.

ಕಚೇರಿ ಮೂರನೇ ಮಹಡಿಯಲ್ಲಿತ್ತು. ಮೆಟ್ಟಿಲ ಬಾಯಲ್ಲೇ ಅಟೆಂಡರ್ ಅಕ್ಕ ಸಿಕ್ಕಿದರು.

"ರಾಯ್ರೇ, ಪತ್ರ ಬಂದಿದೆ, ಎರಡು ಚೀಲ! ಹೋದ ತಿಂಗಳು ಬಂದಿದ್ದೇ ಏಳು, ಅದ್ರಲ್ಲಿ ನಾಲ್ಕು 'ಪುಸ್ತಕ ಬಂದಿಲ್ಲ' ಅಂತ. ಪೋಸ್ಟ್‌ಮ್ಯಾನು ಏದುಸಿರು ಬಿಟ್ಕೊಂಡು, 'ನಿಮ್ಮೋರು ಯಾರ ಮಾನ ಕಳೆದ್ರಮ್ಮಾ' ಅಂತ ಕೇಳ್ದ."

ಒಳಗೆ ಸಂಪಾದಕರು ಕುರ್ಚಿಯಲ್ಲಿ ಕೂರಲಾರದೆ, ನಿಲ್ಲಲಾರದೆ, ಕಾದ ಹೆಂಚಿನ ಮೇಲೆ ಬಿದ್ದವರ ಹಾಗೆ ಓಡಾಡುತ್ತಿದ್ದರು.

"ಬಂದ್ರಾ? ನಾಲ್ಕು ಗಂಟೆಗೆ ಮಾಲೀಕರು ಬರ್ತಾರೆ. ಓದುಗರ ಅಭಿಪ್ರಾಯ ನೋಡಿ ಈ ಕರಾಳ ಸರಣಿ ಮುಂದುವರಿಸೋದೋ ನಿಲ್ಲಿಸೋದೋ ಅಂತ ತೀರ್ಮಾನ ಮಾಡ್ತಾರೆ. ಆ ಇಪ್ಪತ್ತೆರಡನೇ ಪುಟ... ನನಗೆ ಮೊದಲೇ ಭಯ ಇತ್ತು ಕಣ್ರೀ." ಹಾಗೆಂದು ರಾಯರ ಮುಖ ದಿಟ್ಟಿಸಿದರು. ನಿಜಕ್ಕೂ ಅವರು ನೋಡಿದ್ದು ಆ ಅರ್ಧ ಗಡ್ಡವನ್ನು. ರಾಯರಿಗೆ ಮಾತ್ರ ಎದೆಯೊಳಗೇ ಇಣುಕಿದಂತಾಯಿತು.

"ಸರ್, ಪತ್ರ ನಾನು ವಿಂಗಡಿಸ್ತೀನಿ! ಹೊಗಳಿದ್ದು ಒಂದು ಕಡೆ, ಬೈದಿದ್ದು ಒಂದು ಕಡೆ. ನೀವು ಸುಧಾರಿಸ್ಕೊಳ್ಳಿ."

ಒಂಬತ್ತು ವರ್ಷದಲ್ಲಿ ಗುಳ್ಳೆರಾಯರು ತಾವಾಗಿ ಕೆಲಸ ಕೇಳಿದ್ದು ಅದೇ ಮೊದಲು. ಸಂಪಾದಕರಿಗೆ ಬೇಡ ಎನ್ನಲು ಬಾಯಿ ಬರಲಿಲ್ಲ.

ಸ್ಟೋರ್ ರೂಮಿನಲ್ಲಿ ಬಾಗಿಲು ಹಾಕಿಕೊಂಡು ಮೊದಲ ಚೀಲ ಬಿಚ್ಚಿದರು. ಒಂದು ಪತ್ರ ಹೀಗೆ ಶುರುವಾಗಿತ್ತು: "ಇಪ್ಪತ್ತೆರಡನೇ ಪುಟ ಓದಿದ ಮೇಲೆ ಊಟ ಸೇರುತ್ತಿಲ್ಲ." ಇನ್ನೊಂದು: "ನನ್ನ ಮಗ ಸಿಡಿಲಣ್ಣನ ಅಂಗಿ ಬಿಚ್ಚಿ ಎಸೆದಿದ್ದಾನೆ." ಮೂರನೆಯದು ಒಬ್ಬ ದಂತವೈದ್ಯರದು: "ಇದನ್ನು ಬರೆದವರ ಕೈ ನೋಡುವ ಆಸೆಯಿದೆ." ರಾಯರು ಮುಂದಿನ ಸಾಲು ಓದಲೇ ಇಲ್ಲ. ತಮ್ಮ ಬಲಗೈಯನ್ನು ಜೇಬಿಗೆ ಹಾಕಿಕೊಂಡರು.

ಉಳಿದದ್ದು ಓದುವ ಧೈರ್ಯ ಯಾರಿಗಿದೆ? ಎರಡೂ ಚೀಲವನ್ನು ಹಳೆಯ ಸಂಚಿಕೆಗಳ ಕಟ್ಟಿನ ಹಿಂದಕ್ಕೆ ತುರುಕಿದರು. ಮಾಲೀಕರು ಬಂದು ಹೋಗಲಿ, ಸಹಿ ಬೀಳಲಿ, ಆಮೇಲೆ ನೋಡಿಕೊಂಡರಾಯಿತು. ಆದರೆ ನಾಲ್ಕು ಗಂಟೆಗೆ ಮೇಜಿನ ಮೇಲೆ ಪತ್ರ ಅಂತ ಏನಾದರೂ ಇರಬೇಕಲ್ಲ?

ಇಪ್ಪತ್ತೈದು ಹಾಳೆ, ಆರು ಪೆನ್ನು ತಂದು ಕೂತರು. ಬೇರೆ ಬೇರೆ ಕೈಬರಹ ಅವರಿಗೆ ನೀರು ಕುಡಿದಷ್ಟು ಸುಲಭ. ಮುದುಕರ ನಡುಗುವ ಅಕ್ಷರ, ಕಾಲೇಜು ಹುಡುಗಿಯ ದುಂಡು ಅಕ್ಷರ, ಡಾಕ್ಟರ ಇರುವೆ ಸಾಲು, ಎಲ್ಲ ಬಂತು. ಬಾರದೇ ಹೋದದ್ದು ವಿಷಯ ಮಾತ್ರ. ಕತೆಯನ್ನೇ ಓದದವರು ಕತೆಯ ಮೇಲೆ ಏನು ಬರೆದಾರು? "ಕಾಗದ ದಪ್ಪವಾಗಿದೆ, ಸಂತೋಷ." "ಪಿನ್ನು ತುಕ್ಕು ಹಿಡಿಯುತ್ತಿದೆ, ಗಮನಿಸಿ." "ಪುಸ್ತಕ ಕಪಾಟಿನಲ್ಲಿ ಸರಿಯಾಗಿ ಕೂರುತ್ತದೆ."

ಹನ್ನೊಂದನೇ ಪತ್ರಕ್ಕೆ ಬಾಗಿಲು ತೆರೆಯಿತು. ಕರಡು ತಿದ್ದುವ ಮೇಡಂ! ಇಪ್ಪತ್ತು ವರ್ಷದಿಂದ ಊರವರ ಕಾಗುಣಿತ ತಿದ್ದಿ ತಿದ್ದಿ ಕನ್ನಡಕ ದಪ್ಪವಾಗಿದ್ದ ಹೆಂಗಸು. ಒಂದೇ ನೋಟಕ್ಕೆ ಎಲ್ಲ ಅರ್ಥವಾಯಿತು ಅವರಿಗೆ.

"ಓದುಗರೆಲ್ಲ ಬೈದಿದ್ದಾರೆ ಮೇಡಂ," ರಾಯರು ಪಿಸುಗುಟ್ಟಿದರು. "ಗೊತ್ತಾದ್ರೆ ಮಾಲೀಕರು ಬೀಗ ಹಾಕ್ತಾರೆ. ನೀವು, ನಾನು, ಎಲ್ಲ ಬೀದಿಗೆ."

"ಆ ಪುಟ ನೋಡಿದಾಗಲೇ ನಾನಂದೆ, ಬೈಗುಳ ಬರತ್ತೆ ಅಂತ."

"ನಿಮಗೆ ಗೊತ್ತಿತ್ತಾ? ಮತ್ತೆ ಆಗಲೇ ಯಾಕೆ ಹೇಳಲಿಲ್ಲ?"

"ಹೇಳಿದೆ. ಈ ಆಫೀಸಲ್ಲಿ ನನ್ನ ಮಾತು ಯಾರು ಕೇಳ್ತಾರೆ?" ಮೇಡಂ ಒಂದು ಪತ್ರ ಎತ್ತಿ ಓದಿ ಮೂಗು ಮುರಿದರು. "ಏನ್ರಾಯ್ರೇ ಇದು, ಒಂದೂ ತಪ್ಪಿಲ್ಲ! ಯಾವ ಓದುಗ ಹೀಗೆ ಬರೀತಾನೆ? ಇಲ್ಲಿ ಕೊಡಿ."

ಕೂತೇಬಿಟ್ಟರು. 'ಅಭಿಪ್ರಾಯ'ವನ್ನು 'ಅಬಿಪ್ರಾಯ' ಮಾಡಿದರು, 'ಹಾರ್ದಿಕ'ವನ್ನು 'ಆರ್ದಿಕ' ಮಾಡಿದರು. ಎಲ್ಲೆಲ್ಲಿ ಒತ್ತಕ್ಷರ ಇತ್ತೋ ಕಿತ್ತರು, ಇಲ್ಲದ ಕಡೆ ಅಂಟಿಸಿದರು. ಇಪ್ಪತ್ತು ವರ್ಷದ ಕಟ್ಟುಪಾಡು ಕಳಚಿದ ಸಂತೋಷಕ್ಕೆ ಅವರ ಕೆನ್ನೆ ಕೆಂಪಾಗಿತ್ತು. "ಇನ್ನೆರಡು ಬರೀರಿ, ಇನ್ನೂ ಐದು ತಪ್ಪು ಉಳಿದಿವೆ ನನ್ನ ಹತ್ರ," ಎಂದು ಪೀಡಿಸಿದರು.

ಊಟದ ಹೊತ್ತು ಕಳೆದ ಮೇಲೆ ರಾಯರು ಸ್ಟೋರ್ ರೂಮಿಗೆ ಇಣುಕಿದರೆ, ಹಳೆಯ ಕಟ್ಟೂ ಇಲ್ಲ, ಅದರ ಹಿಂದಿನ ಚೀಲವೂ ಇಲ್ಲ.

"ರದ್ದಿಯವನು ಬಂದಿದ್ದ, ಕಟ್ಟಿನ ಹಿಂದೆ ಇದ್ದದ್ದೂ ಹಳೇದೇ ಅಂತ ಎತ್ತಿ ಕೊಟ್ಟೆ," ಅಂದರು ಅಟೆಂಡರ್ ಅಕ್ಕ. "ಮಾಲೀಕರು ಬರೋ ದಿನ ಸ್ವಚ್ಛ ಇರಲಿ ಅಂತ. ಯಾಕೆ, ಏನಾದ್ರೂ ಇತ್ತಾ?"

ರಾಯರು ಮೆಟ್ಟಿಲ ಕಡೆ ಎರಡು ಹೆಜ್ಜೆ ಓಡಿದರು. ಮರುಕ್ಷಣ ನಿಂತರು. ಪೀಡೆ ತಾನಾಗಿ ತೊಲಗಿತಲ್ಲ! "ಏನೂ ಇರಲಿಲ್ಲ ಅಕ್ಕಾ, ಒಳ್ಳೇ ಕೆಲಸ ಮಾಡಿದ್ರಿ," ಎಂದರು.

ನಾಲ್ಕಕ್ಕೆ ಬರಬೇಕಾದ ಮಾಲೀಕರು ಮೂರಕ್ಕೇ ಬಂದರು. ಅವರ ಮುಖ್ಯ ವ್ಯಾಪಾರ ಕೊಡೆ ಕಾರ್ಖಾನೆ. ಯಾವುದನ್ನು ಕಂಡರೂ ಒಮ್ಮೆ ಬಿಚ್ಚಿ, ಒಮ್ಮೆ ಮಡಚಿ ನೋಡುವುದು ಅವರ ಅಭ್ಯಾಸ. ಪತ್ರಗಳನ್ನೂ ಹಾಗೇ ಬಿಚ್ಚಿದರು, ಮಡಚಿದರು. ಎದುರಿಗೆ ಸಂಪಾದಕರು, ಮೇಡಂ, ರಾಯರು. ಮೂಲೆಯ ಕುರ್ಚಿಯಲ್ಲಿ ಕತೆಗಾರ, ಮಾತೇ ಆಡದ ಸಂಕೋಚದ ಯುವಕ, ತನ್ನ ಚೀಲವನ್ನು ಮಗುವಿನ ಹಾಗೆ ತಬ್ಬಿಕೊಂಡು ಕೂತಿದ್ದ.

"ಕಾಗದ ದಪ್ಪ... ಪಿನ್ನು ತುಕ್ಕು... ಕಪಾಟು..." ಮಾಲೀಕರು ಕನ್ನಡಕ ತೆಗೆದರು. "ಎರಡು ಸಿಡಿಲು ಹೊಡೆದಾಡಿ ಊರು ಸುಟ್ಟರೂ ಓದೋರಿಗೆ ಪಿನ್ನಿನ ಚಿಂತೆ. ಅಂದ್ರೆ ಯಾರ ಮನಸ್ಸಿಗೂ ತಟ್ಟಿಲ್ಲ. ಹೊಗಳಿಕೆ ಇಲ್ಲದಿದ್ರೆ ಹೋಗಲಿ, ಒಂದು ಬೈಗುಳನಾದ್ರೂ ಬೇಡ್ವಾ? ನಿಲ್ಲಿಸಿಬಿಡಿ ಇದನ್ನ."

ಸಂಪಾದಕರು ಕುರ್ಚಿ ಹಿಡಿದುಕೊಂಡರು. ಕತೆಗಾರ ಇನ್ನಷ್ಟು ಕುಗ್ಗಿದ. ರಾಯರು ಮಾಡಿದ ಉಪಾಯ ಅವರ ಅನ್ನಕ್ಕೇ ಕಲ್ಲು ಹಾಕಿತ್ತು.

ಅಷ್ಟರಲ್ಲಿ ಬಾಗಿಲು ಬಡಿದ ಸದ್ದು. ಹೋಂವರ್ಕ್ ಕೇಳುವ ಸದ್ದು.

ಹೆಡ್‌ಮಾಸ್ಟರು ಚೀಲವೊಂದನ್ನು ನೆಲದ ಮೇಲೆ ಎಳೆಯುತ್ತ ಒಳಗೆ ಬಂದರು. ಹಿಂದೆ ಇನ್ನೊಂದು ಚೀಲ ಹೊತ್ತು ರದ್ದಿಯವನು.

"ಯಾರ್ರೀ ಇಲ್ಲಿ ಜವಾಬ್ದಾರಿ? ಬರೆದೋನನ್ನ ನೋಡೋಣ ಅಂತ ನಾನೇ ಹೊರಟು ಬಂದ್ರೆ, ಕೆಳಗೆ ಬೀದೀಲಿ ನನ್ನ ಹದಿನಾಲ್ಕು ಪುಟದ ಪತ್ರ ತಕ್ಕಡಿಯಲ್ಲಿ ಕೂತಿದೆ!"

"ನಾನೇ ಓದ್ತಿದ್ದೆ ಸ್ವಾಮಿ," ಅಂದ ರದ್ದಿಯವನು ಮೆಲ್ಲಗೆ. "ಬಲು ಚೆನ್ನಾಗಿದೆ."

ಮಾಲೀಕರು ಚೀಲಕ್ಕೆ ಕೈ ಹಾಕಿದರು. ಒಂದು ಬಿಚ್ಚಿದರು. ಮಡಚಲಿಲ್ಲ. ಇನ್ನೊಂದು ಬಿಚ್ಚಿದರು. ಆಮೇಲೆ ಗಟ್ಟಿಯಾಗಿಯೇ ಓದತೊಡಗಿದರು.

"'ಊಟ ಸೇರುತ್ತಿಲ್ಲ. ಒಳ್ಳೆಯವನ ಬಾಯಲ್ಲಿ ಆ ಮಾತು ಕೇಳಿದ ಮೇಲೆ ನನ್ನ ಒಳ್ಳೆಯತನದ ಮೇಲೇ ಅನುಮಾನ ಬಂದಿದೆ. ಇಂಥ ಕತೆ ಓದಿರಲಿಲ್ಲ.' 'ಮಗ ಸಿಡಿಲಣ್ಣನ ಅಂಗಿ ಎಸೆದು ಕರಿಸಿಡಿಲಿನ ಅಂಗಿ ಕೇಳುತ್ತಿದ್ದಾನೆ. ಎಲ್ಲಿ ಸಿಗುತ್ತದೆ?' 'ಇದನ್ನು ಬರೆದವರ ಕೈ ನೋಡುವ ಆಸೆಯಿದೆ, ಕುಲುಕಬೇಕು.'" ಮಾಲೀಕರ ದನಿ ಏರಿತು. "ಎಲ್ಲರೂ ಅದೇ ಪುಟ! ಮಾತು ಅದಲುಬದಲು ಮಾಡಿದ್ದು! ಇದು ಯಾರ ತಲೆ?"

"ಅದೇ ನಾನೂ ಕೇಳ್ತಿರೋದು ಬೆಳಗಿನಿಂದ," ಅಂದರು ಹೆಡ್‌ಮಾಸ್ಟರು. "ಕೈ ಮುಗಿಯೋಣ ಅಂತ."

ಒಬ್ಬರಿಗಷ್ಟೇ ಸಿಗುವ ಕಾಯಂ ಆದೇಶದ ಕಾಗದ ಮೇಜಿನ ಮೇಲೇ ಇತ್ತು, ಹೆಸರಿನ ಜಾಗ ಖಾಲಿ. ಮಾಲೀಕರು ಪೆನ್ನಿನ ಮುಚ್ಚಳ ತೆಗೆದರು. ಕತೆಗಾರ ಗಂಟಲು ಸರಿಮಾಡಿಕೊಂಡು ಬಾಯಿ ತೆರೆಯುವಷ್ಟರಲ್ಲಿ ಗುಳ್ಳೆರಾಯರು ಎರಡು ಹೆಜ್ಜೆ ಮುಂದೆ ಬಂದಾಗಿತ್ತು.

"ನಂದು ಸರ್! ಕತೇಲಿ ಹಾಗಿರಲಿಲ್ಲ. ಗುಳ್ಳೆ ಬದಲಾಯಿಸಿದ್ದು ನಾನು. ಮೊದಲು ತಪ್ಪಾಯ್ತೇನೋ ಅನ್ನಿಸ್ತು. ಆದ್ರೆ ಒಂಬತ್ತು ವರ್ಷ ಬರೆದ ಕೈ ನೋಡಿ, ಅದಕ್ಕೇ ಒಂದು ಬುದ್ಧಿ ಬಂದಿರತ್ತೆ. ಈ ಹುಡುಗನಿಗೆ ಅಷ್ಟು ಆಳ ಎಲ್ಲಿ ಹೊಳೀಬೇಕು, ಪಾಪ."

ಹೆಡ್‌ಮಾಸ್ಟರು ರಾಯರ ಕೈ ಹಿಡಿದು ಕಣ್ಣಿಗೊತ್ತಿಕೊಂಡರು. "ಪಕ್ಕದ ಮನೇಲೇ ಇಟ್ಕೊಂಡು ಗೊತ್ತಾಗಲಿಲ್ಲವಲ್ಲಪ್ಪಾ!" ಮಾಲೀಕರು ಕಾಗದದ ಮೇಲೆ ಪೆನ್ನು ಊರಿದರು. ಸಂಪಾದಕರು ಮಾತ್ರ ಬಾಯಿ ತೆರೆದುಕೊಂಡು ನಿಂತಿದ್ದರು.

"ಏನು ಹೇಳ್ತಿದ್ದೀರಿ ರಾಯ್ರೇ? ಆ ಪುಟಕ್ಕೋಸ್ಕರ ನಾನೂ ಈ ಹುಡುಗನೂ ಒಂದು ವಾರ ಜಗಳ ಆಡಿದ್ದೀವಿ. ನಾನು ಬೇಡ ಅಂದೆ, ಮೇಡಂ ಬೇಡ ಅಂದ್ರು, ಇವನು ಬಿಡಲಿಲ್ಲ."

ಕತೆಗಾರ ಚೀಲದಿಂದ ಹಸ್ತಪ್ರತಿ ತೆಗೆದು, ತಪ್ಪು ತನ್ನದೇ ಎಂಬಂತೆ ತಲೆ ತಗ್ಗಿಸಿ, ಮೇಜಿನ ಮೇಲಿಟ್ಟ. ಇಪ್ಪತ್ತೆರಡನೇ ಪುಟ. ಮಾತುಗಳು ಅಚ್ಚಾದ ಹಾಗೇ ಇದ್ದವು, ಒಂದಕ್ಷರ ಆಚೀಚೆ ಇಲ್ಲ. ಮೇಲೆ ಕೆಂಪು ಶಾಯಿಯಲ್ಲಿ ದಪ್ಪಗೆ ಬರೆದಿತ್ತು:

"ಗಮನಿಸಿ: ಇದು ತಪ್ಪಲ್ಲ. ಮಾತುಗಳು ಅದಲುಬದಲಾಗಿಯೇ ಇರಬೇಕು. ಅಕ್ಷರ ಬರೆಯುವವರು ದಯವಿಟ್ಟು ಸರಿಪಡಿಸಬಾರದು."

ಅದರ ಕೆಳಗೆ, ಮುತ್ತು ಪೋಣಿಸಿದ ಅಕ್ಷರದಲ್ಲಿ: "ಓದಿದ್ದೇನೆ." ಪಕ್ಕದಲ್ಲಿ ಗುಳ್ಳೆರಾಯರ ಸಹಿ.

ಹೆಡ್‌ಮಾಸ್ಟರು ಹಿಡಿದಿದ್ದ ಕೈಯನ್ನು ನಿಧಾನವಾಗಿ ಬಿಟ್ಟು ತಮ್ಮ ಕೈ ಒರೆಸಿಕೊಂಡರು. ಮಾಲೀಕರು ಹಸ್ತಪ್ರತಿಯ ಅಕ್ಷರ ನೋಡಿದರು, ಪಿನ್ನು ತುಕ್ಕಿನ ಪತ್ರ ನೋಡಿದರು, ಮತ್ತೆ ಹಸ್ತಪ್ರತಿ ನೋಡಿದರು. ಮೇಡಂ, "ಕಾಗುಣಿತದ ತಪ್ಪು ಅವರದಲ್ಲ," ಎಂದುಬಿಟ್ಟರು. ತಮ್ಮ ಕೆಲಸದ ಕೀರ್ತಿ ಇನ್ನೊಬ್ಬರಿಗೆ ಹೋಗುವುದು ಅವರಿಗೂ ಸಹಿಸದು.

ಆದೇಶದಲ್ಲಿ ಕತೆಗಾರನ ಹೆಸರು ಬಿತ್ತು.

"ನಿಮ್ಮನ್ನ ತೆಗೆಯೋದಿಲ್ಲ," ಎಂದರು ಮಾಲೀಕರು, ಪೆನ್ನಿನ ಮುಚ್ಚಳ ಹಾಕುತ್ತ. "ತಾತ್ಕಾಲಿಕವಾಗಿ ಇರಿ. ಇಷ್ಟು ಕೈಬರಹ ಬರುವವರು ಎಲ್ಲಿ ಸಿಗ್ತಾರೆ? ಈ ಎರಡು ಚೀಲದಲ್ಲಿ ಇರೋ ಪ್ರತಿಯೊಬ್ಬರಿಗೂ ನೀವೇ ಉತ್ತರ ಬರೀಬೇಕು. ಚುಟುಕಾಗಿ ಬೇಡ. ಅವರು ಕೇಳಿದ್ದಕ್ಕೆಲ್ಲ."

"ಮೊದಲು ನಂದು," ಎಂದರು ಹೆಡ್‌ಮಾಸ್ಟರು. "ಒಂಬತ್ತು ಪ್ರಶ್ನೆ ಇದೆ."

ಉಳಿದವರು ಮಾಲೀಕರನ್ನು ಬೀಳ್ಕೊಡಲು ಕೆಳಗಿಳಿದರು. ರಾಯರು ಹದಿನಾಲ್ಕು ಪುಟವನ್ನು ಮುಂದೆ ಇಟ್ಟುಕೊಂಡು, ಪೆನ್ನು ಬಿಚ್ಚಿ, ಮೊದಲ ಪ್ರಶ್ನೆ ಓದಿದರು. ಇನ್ನೊಮ್ಮೆ ಓದಿದರು. ಕಿಟಕಿಯಿಂದಾಚೆ ನೋಡಿದರು. ಕೊನೆಗೆ ಎದುರಿಗೇ ಕೂತು ಕಾಯುತ್ತಿದ್ದ ಹೆಡ್‌ಮಾಸ್ಟರ ಕಡೆ ಬಗ್ಗಿ, ಯಾರಿಗೂ ಕೇಳಿಸದ ಹಾಗೆ ಕೇಳಿದರು:

"ಸರ್, ಈ ಕರಿಸಿಡಿಲು ಸಿಡಿಲಣ್ಣನಿಗೆ ಏನಾಗಬೇಕು? ತಮ್ಮನಾ?"

ಹೆಡ್‌ಮಾಸ್ಟರು ಕುರ್ಚಿ ಹತ್ತಿರ ಎಳೆದುಕೊಂಡು, ಮೇಜಿನ ಮೇಲಿದ್ದ ಅಳತೆ ಪಟ್ಟಿ ಕೈಗೆತ್ತಿಕೊಂಡರು.

"ಮೊದಲನೇ ಸಂಚಿಕೆ ತೆಗಿ," ಅಂದರು. "ಗಟ್ಟಿಯಾಗಿ ಓದು."